ಮಾವ ಒಪ್ಪಲಿಲ್ಲ

ಒಂದು ನಾಡಿನ ನಾಗರಿಕತೆಯನ್ನು ಅದರ ಕೋಟೆ ಕೊತ್ತಲಗಳಿಂದ ಅಳೆಯಬಾರದು, ಅಲ್ಲಿನ ಜನ ಯಾವುದಕ್ಕೆ ನಗುತ್ತಾರೆ ಎಂಬುದರಿಂದ ಅಳೆಯಬೇಕು ಎಂದು ಬಲ್ಲವರು ಹೇಳಿದ್ದಾರೆ. ಬಲ್ಲವರು ಎಂದರೆ ಬೇರೆ ಯಾರೂ ಅಲ್ಲ, ನಾನೇ. ಹೇಳಿದ್ದು ಸಾಗರದ ಬಸ್ ಸ್ಟ್ಯಾಂಡಿನ ಹತ್ತಿರದ ಕ್ಯಾಂಟೀನಿನಲ್ಲಿ. ಕೇಳಿಸಿಕೊಂಡವರು ಯಾರೂ ನಗಲಿಲ್ಲ.

ನಾನು ಸ್ವತಂತ್ರ ಹಾಸ್ಯಚಿತ್ರ ನಿರ್ದೇಶಕ, ಜೊತೆಗೆ ನಟ. ಈ 'ಸ್ವತಂತ್ರ' ಎಂಬ ಮಾತನ್ನು ಸ್ವಲ್ಪ ಬಿಡಿಸಿ ಹೇಳಬೇಕು. ನನಗೆ ನಿರ್ಮಾಪಕರಿಲ್ಲ, ಹಂಚಿಕೆದಾರರಿಲ್ಲ, ಹೀಗೆ ಮಾಡು ಹಾಗೆ ಮಾಡು ಎನ್ನುವವರಿಲ್ಲ. ಬಹಳ ಕಾಲ ಪ್ರೇಕ್ಷಕರೂ ಇರಲಿಲ್ಲ. ಇಷ್ಟೊಂದು ಸ್ವಾತಂತ್ರ್ಯ ದೇಶಕ್ಕೂ ಸಿಕ್ಕಿರಲಾರದು!

ಸಾಗರದ ಪೇಟೆಯಲ್ಲಿ ನನ್ನದೊಂದು ಸ್ಟುಡಿಯೋ ಇದೆ. ಅದರ ಮುಂದಿನ ಅರ್ಧದಲ್ಲಿ ನನ್ನ ಹೆಂಡತಿ ವಿಶಾಲಾ ರವಿಕೆ ಹೊಲಿಯುತ್ತಾಳೆ. ಹಿಂದಿನ ಅರ್ಧದಲ್ಲಿ ನಾನು ಕಲೆಯನ್ನು ಬೆಳೆಸುತ್ತೇನೆ. ಮನೆ ನಡೆಯುವುದು ಮುಂದಿನ ಅರ್ಧದಿಂದ. ಮೊದಲು ಬಾಗಿಲ ಮೇಲೆ 'ಮದುವೆ, ಗೃಹಪ್ರವೇಶಗಳ ವಿಡಿಯೋ ಮಾಡಿಕೊಡಲಾಗುವುದು' ಎಂಬ ಬೋರ್ಡು ಇತ್ತು. ಬೇರೆಯವರ ಮದುವೆಯಲ್ಲಿ ಮತ್ತೂ ಬೇರೆಯವರು ಹೋಳಿಗೆ ತಿನ್ನುವುದನ್ನು ಕಲಾವಿದನಾದವನು ಎಷ್ಟು ಕಾಲ ತೋರಿಸುತ್ತಾ ಕೂರಬೇಕು? ಒಂದು ಶುಭದಿನ ಅದನ್ನಿಳಿಸಿ 'ಹಲ್ಲುಕಿರಿ ಪಿಕ್ಚರ್ಸ್' ಎಂಬ ಬೋರ್ಡು ಏರಿಸಿದೆ. ಹಳೆಯದನ್ನು ಗುಜರಿಗೆ ಹಾಕಲು ವಿಶಾಲಾ ಬಿಡಲಿಲ್ಲ. ಚೆನ್ನಾಗಿ ಒರೆಸಿ, ಹಳೇ ಸೀರೆ ಸುತ್ತಿ, ಅಟ್ಟದ ಮೇಲಿಟ್ಟಳು.

"ಅದ್ಯಾಕೆ?" ಎಂದೆ.

"ಇರ್ಲಿ" ಎಂದಳು.

ನನ್ನ ಮೊದಲ ಚಿತ್ರ ತಯಾರಾದದ್ದು ಹಿನ್ನೀರು ದಾಟಿ ತುಮರಿಗೆ ಹೋಗುವ ಲಾಂಚಿನ ಮೇಲೆ. ಆಗಿನ್ನೂ ಸೇತುವೆ ಆಗಿರಲಿಲ್ಲ. ಕಳ್ಳ ಓಡಬೇಕು, ಪೊಲೀಸಿನವನಾದ ನಾನು ಅಟ್ಟಿಸಿಕೊಂಡು ಹೋಗಬೇಕು. ಕಾಗದದ ಮೇಲೆ ರೋಮಾಂಚಕ ದೃಶ್ಯ. ಲಾಂಚಿನ ಮೇಲೆ ಬಸ್ಸು, ಜೀಪು, ಬೈಕು, ಬುಟ್ಟಿ ಎಲ್ಲ ತುಂಬಿ, ಓಡುವುದಿರಲಿ, ಸೀನಲೂ ಜಾಗವಿರಲಿಲ್ಲ. ಇಬ್ಬರೂ ಬಸ್ಸಿಗೆ ಪ್ರದಕ್ಷಿಣೆ ಹಾಕಿದೆವು. ಪ್ರಯಾಣಿಕರು ಕಳ್ಳನ ಪಕ್ಷ ವಹಿಸಿ, "ಈ ಕಡೆ ಬಾ ಮಾರಾಯ, ಇಲ್ಲಿ ಸಂದಿ ಇದೆ" ಎಂದು ಅವನನ್ನು ಅಡಗಿಸಿಟ್ಟುಕೊಂಡರು. ದಡ ಬಂತು. ಕಳ್ಳ ಇಳಿದು ಅವನ ಮನೆಗೆ ಹೋದ. ಚಿತ್ರ ಮುಗಿಯಿತು.

ಎರಡನೆಯದು ಜೋಗದಲ್ಲಿ. ಬೆಳಗಿನಿಂದ ಸಂಜೆಯವರೆಗೂ ಮಂಜು ಸರಿಯಲಿಲ್ಲ. ಚಿತ್ರದ ಉದ್ದಕ್ಕೂ ಬೆಳ್ಳಗೆ ಒಂದು ಪರದೆ, ಅದರ ಹಿಂದಿನಿಂದ ನನ್ನ ಧ್ವನಿ. ನಾನು ಅಭಿನಯಿಸಿದ್ದರಲ್ಲಿ ಇದೇ ಉತ್ತಮ ಎಂದು ನೋಡಿದವರು ಒಪ್ಪಿಕೊಂಡರು.

ನಮ್ಮ ಕಡೆ ಮೆಚ್ಚುಗೆಯ ತುತ್ತತುದಿ 'ಅಡ್ಡಿಲ್ಲ' ಎಂಬ ಮಾತು. ಅದಕ್ಕಿಂತ ಮೇಲಕ್ಕೆ ಯಾರೂ ಯಾರನ್ನೂ ಹತ್ತಿಸುವುದಿಲ್ಲ. ನನ್ನ ಚಿತ್ರಗಳಿಗೆ ಅದೂ ದೊರೆತಿರಲಿಲ್ಲ. ಜನ ಕೊನೆಯವರೆಗೆ ಗಂಭೀರವಾಗಿ ನೋಡುತ್ತಿದ್ದರು. ಎದ್ದು ನನ್ನ ಹತ್ತಿರ ಬಂದು, "ಊಟ ಆಯ್ತಾ?" ಎಂದು ಕೇಳಿ ಹೋಗುತ್ತಿದ್ದರು.

ಒಂದು ದಿನ ವಿಶಾಲಾ ಹೊಲಿಗೆ ಮಿಷನ್ನನ್ನು ನಿಲ್ಲಿಸಿ ಕೇಳಿದಳು. ಮಿಷನ್ ನಿಲ್ಲಿಸಿ ಕೇಳಿದಳೆಂದರೆ ವಿಷಯ ದೊಡ್ಡದು.

"ಅಲ್ರೀ, ನೀವು ಮಾಡ್ತಿರೋದು ಹಾಸ್ಯದ ಸಿನಿಮಾ ಅಂತ ನಿಮ್ಗೆ ಹೊರಗಿನವರು ಯಾರಾದ್ರೂ ಹೇಳಿದಾರಾ?"

"ಹಾಸ್ಯ ಅನ್ನೋದು ಹೇಳೋದಲ್ಲ ವಿಶಾಲಾ, ಅನುಭವಕ್ಕೆ ಬರ್ಬೇಕು."

"ಯಾರ ಅನುಭವಕ್ಕೆ?"

ಇಂಥ ಪ್ರಶ್ನೆಗಳಿಗೆ ಉತ್ತರ ಕೊಡುವುದು ಕಲಾವಿದನ ಕೆಲಸವಲ್ಲ.

"ನೋಡಿ, ಇನ್ನೊಂದು ಮಾಡಿ. ಬೇಡ ಅನ್ನಲ್ಲ. ಅದನ್ನ ನೋಡಿ ಜನ ನಕ್ರೆ ಈ ಬೋರ್ಡು ಇರ್ಲಿ. ದಿನಾ ನಾನೇ ಒರೆಸ್ತೀನಿ. ನಗ್ಲಿಲ್ಲಾಂದ್ರೆ ಅಟ್ಟದ ಮೇಲಿಂದು ಕೆಳಗೆ ಬರ್ತದೆ, ಮುಂದಿನ ಲಗ್ನದ ಸೀಜನ್ನಿಗೆ ನೀವು ಕ್ಯಾಮೆರಾ ಹೆಗಲಿಗೆ ಹಾಕ್ಬೇಕು."

"ಎಷ್ಟು ಜನ ನಗ್ಬೇಕು?"

"ಒಬ್ರು ನಕ್ರೂ ಸಾಕು."

ಅವಳ ಈ ಔದಾರ್ಯ ನನ್ನನ್ನು ಸ್ವಲ್ಪ ನೋಯಿಸಿತು. ಆದರೂ ಪಂಥವನ್ನು ಒಪ್ಪಿದೆ. ಒಪ್ಪದಿರಲು ಕಾರಣವಿರಲಿಲ್ಲ. ನನ್ನ ತಲೆಯಲ್ಲಿ ಆಗಲೇ ಒಂದು ಮಹತ್ವದ ಕಥೆ ಕುದಿಯುತ್ತಿತ್ತು. ಹೆಸರು 'ಒಪ್ಪಿದ ಮಾವ'.

ಕಥೆ ಸರಳ. ಕೆಲಸವಿಲ್ಲದ ಒಬ್ಬ ಯುವಕ ಹೆಣ್ಣು ಕೇಳಲು ಬರುತ್ತಾನೆ. ಹೆಣ್ಣಿನ ಅಪ್ಪ ಜಂಬದ ಮನುಷ್ಯ, ಕೊಡುವುದಿಲ್ಲ ಎನ್ನುತ್ತಾನೆ. ಆಗ ಯುವಕ ಎರಡೇ ಎರಡು ಮಾತಾಡುತ್ತಾನೆ. "ಮಾವಯ್ಯ, ನನ್ನಲ್ಲಿ ಆಸ್ತಿಯಿಲ್ಲ, ಆದರೆ ನಿಮ್ಮ ಮಗಳನ್ನು ಜೀವನಪೂರ್ತಿ ನಗಿಸುತ್ತೇನೆ. ನಗುವಿಗಿಂತ ದೊಡ್ಡ ಆಸ್ತಿ ಯಾವುದಿದೆ?" ಮಾವ ಕರಗಿ ನೀರಾಗುತ್ತಾನೆ. "ಸೋತೆ ಅಳಿಯಂದ್ರೆ. ಮಗಳೇ, ಕಾಫಿ ತಾ" ಎನ್ನುತ್ತಾನೆ. ಕಾಫಿ ಬರುತ್ತದೆ. ಶುಭಂ.

ಯುವಕನ ಪಾತ್ರ ನನ್ನದು. ಯುವಕನಿಗೆ ಇಪ್ಪತ್ತಾರು, ನನಗೆ ನಲವತ್ತೇಳು. ಈ ಅಂತರವನ್ನು ಅಭಿನಯದಿಂದ ಮುಚ್ಚುವುದೆಂದು ತೀರ್ಮಾನಿಸಿದೆ. ಟೋಪಿಯಿಂದ ಮುಚ್ಚುವುದು ವಾಸಿ ಎಂದು ವಿಶಾಲಾ ಒಂದು ಟೋಪಿ ಕೊಟ್ಟಳು.

ನಾಯಕಿಗಾಗಿ ಬಹಳ ಹುಡುಕಿದೆ. ಹೋದ ಮನೆಗಳಲ್ಲೆಲ್ಲ ಮೊದಲು ಸಂತೋಷದಿಂದಲೇ ಮಾತಾಡುತ್ತಿದ್ದರು. ನಾಯಕ ಯಾರು ಎಂದು ಕೇಳುತ್ತಿದ್ದರು. ಹೇಳಿದ ಮೇಲೆ ಮಜ್ಜಿಗೆ ಕೊಟ್ಟು ಕಳಿಸುತ್ತಿದ್ದರು. ಕೊನೆಗೆ ನಿರ್ದೇಶಕನ ಪ್ರತಿಭೆ ಕೆಲಸಕ್ಕೆ ಬಂತು. ನಾಯಕಿ ಬಾಗಿಲ ಹಿಂದೆಯೇ ಇರುತ್ತಾಳೆ. ಬಾಗಿಲ ಸಂದಿಯಿಂದ ಕಾಫಿ ಲೋಟ ಹಿಡಿದ ಕೈ ಮಾತ್ರ ಕಾಣುತ್ತದೆ! ಇದಕ್ಕೆ ತಿಳಿದವರು ಸಾಂಕೇತಿಕತೆ ಎನ್ನುತ್ತಾರೆ. ಕೈ ವಿಶಾಲಾಳದು.

ಉಳಿದದ್ದು ಮಾವ. ಇಲ್ಲಿ ನಾನು ಮಾಡಿದ ಆಯ್ಕೆಯ ಬಗ್ಗೆ ಇವತ್ತಿಗೂ ನನಗೆ ಹೆಮ್ಮೆಯಿದೆ. ಹೆಮ್ಮೆಯ ಜೊತೆ ಬೇರೆ ಕೆಲವೂ ಇವೆ.

ನಿಟ್ಟೂರಿನ ಗಿರಿಯಪ್ಪ ಮಾಷ್ಟ್ರು ಶಾಲೆಯಲ್ಲಿ ಗಣಿತ ಹೇಳಿ ನಿವೃತ್ತರಾದವರು. ಗಣಿತಕ್ಕಿಂತ ಹೆಚ್ಚಾಗಿ ತಾಳಮದ್ದಳೆಯ ಅರ್ಥಧಾರಿ ಎಂದು ಹೆಸರು. ತಾಳಮದ್ದಳೆಯಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ್ಯ ಹೇಳುತ್ತಾರೆ. ಅರ್ಥಧಾರಿಗಳು ಎದುರುಬದುರು ಕೂತು, ಪಾತ್ರಗಳೇ ಆಗಿ ವಾದ ಮಾಡುತ್ತಾರೆ. ಬರೆದಿಟ್ಟ ಮಾತಿಲ್ಲ. ಬಾಯಿಗೆ ಬಂದದ್ದನ್ನೇ ಆಡುತ್ತಾರೆ, ಆದರೆ ಬಾಯಿಗೆ ಬಂದಂತೆ ಆಡುವುದಿಲ್ಲ. ಒಮ್ಮೆ ಮಾಷ್ಟ್ರು ಸೋಲುವ ರಾಜನ ಅರ್ಥ ಹೇಳುವುದನ್ನು ನಾನು ಕೇಳಿದ್ದೆ. ಅವರು ಸೋಲಲು ಒಪ್ಪುವ ಹೊತ್ತಿಗೆ, ಗೆಲ್ಲಬೇಕಾದವರು ಎರಡು ಚೊಂಬು ನೀರು ಕುಡಿದು, ಶಾಲಿನಲ್ಲಿ ಮುಖ ಒರೆಸಿಕೊಂಡಿದ್ದರು. ಏನು ಗಾಂಭೀರ್ಯ, ಏನು ಕಂಠ! ನನ್ನ ಮಾವ ಇವರೇ ಎಂದು ಅವತ್ತೇ ಮನಸ್ಸಿನಲ್ಲಿ ನಿಶ್ಚಯವಾಗಿತ್ತು.

ಹೋಗಿ ಕೇಳಿದೆ. ಮಾಷ್ಟ್ರು ಕಥೆಯನ್ನು ಗಮನವಿಟ್ಟು ಕೇಳಿದರು. ನಾನು ಬರೆದುಕೊಂಡು ಹೋಗಿದ್ದ ಮಾತುಗಳನ್ನು ಕೊಟ್ಟರೆ, ಓದದೆ ಎಲೆಯಡಿಕೆ ತಟ್ಟೆಯ ಕೆಳಗಿಟ್ಟರು.

"ಕಥೆ ಗೊತ್ತಾಯ್ತಲ್ಲ. ಮಾತು ನಾನು ನೋಡ್ಕೊಳ್ತೀನಿ" ಎಂದರು. ಬರೆದದ್ದನ್ನು ಬಾಯಿಪಾಠ ಮಾಡಿಸುವ ಕಷ್ಟ ತಪ್ಪಿತೆಂದು ನನಗೆ ಹಿಗ್ಗು.

"ಎದುರು ಅರ್ಥ ಯಾರದ್ದು?"

"ನಂದೇ ಮಾಷ್ಟ್ರೇ."

ಮಾಷ್ಟ್ರು ನನ್ನನ್ನು ಕಾಲಿನಿಂದ ಟೋಪಿಯವರೆಗೆ ಒಮ್ಮೆ ನೋಡಿದರು. "ಸಂತೋಷ" ಎಂದರು.

ಬೆಕ್ಕಿನ ಎದುರು ಹಾಲಿಟ್ಟಾಗ ಅದಕ್ಕೂ ಆಗುವುದು ಸಂತೋಷವೇ ಎಂಬುದು ನನಗೆ ಆಗ ಹೊಳೆಯಲಿಲ್ಲ.

ಚಿತ್ರೀಕರಣ ಮಾಷ್ಟ್ರ ಮನೆಯ ಜಗಲಿಯಲ್ಲೇ. ಕ್ಯಾಮೆರಾಕ್ಕೆ ನನ್ನ ಹಳೆಯ ಜೊತೆಗಾರ ರಫೀಕ್. ಮದುವೆ ಮನೆಗಳಲ್ಲಿ ಕೈ ಪಳಗಿದವನು. ಎಲ್ಲಿ ಯಾರು ಏನು ತಿಂದರೂ ಅವನ ಕ್ಯಾಮೆರಾ ತಾನಾಗಿ ಅತ್ತ ತಿರುಗುತ್ತದೆ; ಎಷ್ಟು ಹೇಳಿದರೂ ಬಿಟ್ಟಿಲ್ಲ. ವಿಶಾಲಾಳನ್ನು ಕಾಫಿ ಲೋಟದ ಸಮೇತ ಬಾಗಿಲ ಹಿಂದೆ ನಿಲ್ಲಿಸಿದೆ. "'ಸೋತೆ' ಅಂದ ತಕ್ಷಣ ಕೈ ಹೊರಗೆ ಬರ್ಬೇಕು. ಗೊತ್ತಾಯ್ತಾ?" ಎಂದೆ.

"ಕಾಫಿ ಆರಿ ಹೋಗೋದ್ರೊಳಗೆ ಮುಗ್ಸಿ" ಎಂದಿತು ಬಾಗಿಲು.

ಎದುರು ಬೆಂಚಿನ ಮೇಲೆ ಕೂತು, ಟೋಪಿ ಸರಿಮಾಡಿಕೊಂಡು, ಕಣ್ಣಿನಲ್ಲಿ ಇಪ್ಪತ್ತಾರು ವರ್ಷ ತಂದುಕೊಂಡು ನನ್ನ ಮಾತು ಆಡಿದೆ. "...ನಗುವಿಗಿಂತ ದೊಡ್ಡ ಆಸ್ತಿ ಯಾವುದಿದೆ?" ಅದ್ಭುತವಾಗಿ ಬಂತು. ಇನ್ನು ಮಾವ ಕರಗುವುದೊಂದೇ ಬಾಕಿ.

ಮಾಷ್ಟ್ರು ಶಾಲನ್ನು ಹೆಗಲ ಮೇಲೆ ಎಳೆದುಕೊಂಡರು. ಗಂಟಲು ಸರಿಮಾಡಿಕೊಂಡರು.

"ಭಲೇ ಯುವಕ! ಬಹಳ ದೊಡ್ಡ ಮಾತನ್ನು ಬಹಳ ಸುಲಭದಲ್ಲಿ ಆಡಿದೆ. ನಗುವೇ ಆಸ್ತಿ ಎಂದೆ. ಒಪ್ಪಿದೆ. ಆದರೆ ಆಸ್ತಿ ಎಂದ ಮೇಲೆ ಅದನ್ನು ಕಣ್ಣಾರೆ ನೋಡುವುದು ಹೆಣ್ಣು ಕೊಡುವವನ ಧರ್ಮವಲ್ಲವೆ? ಗದ್ದೆಯಿದೆ ಎಂದವನ ಗದ್ದೆಯ ಬದುವಿನ ಮೇಲೆ ನಡೆದು ನೋಡುತ್ತೇವೆ. ಎತ್ತು ಇದೆ ಎಂದವನ ಎತ್ತಿನ ಹಲ್ಲು ಹಿಡಿದು ನೋಡುತ್ತೇವೆ. ನಗುವಿದೆ ಎಂದವನು ನಗುವನ್ನು ತೋರಿಸಬೇಡವೆ? ನಾನಿಲ್ಲಿ ಕೂತಿದ್ದೇನೆ. ಎಲ್ಲಿ, ನಗಿಸು."

ರಫೀಕನ ಕ್ಯಾಮೆರಾ ಓಡುತ್ತಿತ್ತು.

"ಕಟ್!" ಎಂದೆ. ಅದು ನಿಲ್ಲಲಿಲ್ಲ. "ಮಾಷ್ಟ್ರೇ, ಇಲ್ಲಿ ನೀವು ಸೋಲ್ಬೇಕು."

"ಸೋಲಲ್ಲ ಅಂದ್ನಾ ನಾನು? ಕಥೇಲಿದ್ಮೇಲೆ ಸೋಲೇ ಸೋಲ್ತೀನಿ. ನೀವು ಸೋಲ್ಸಿ."

"ಅಲ್ಲ, ನೀವೇ ಸುಮ್ನೆ 'ಸೋತೆ' ಅಂದ್ಬಿಟ್ರೆ..."

"ಸಾಯ್ಬೇಕು ಅಂತ ಕಥೇಲಿದ್ರೆ ಸಾಯ್ತೀನಿ. ಆದ್ರೆ ಎದುರಿನವನು ಬಾಣ ಬಿಡದೆ ನಾನೇ ದೊಪ್ಪಂತ ಬಿದ್ದು ಸಾಯಕ್ಕೆ ಆಗ್ತದಾ ಮಾರಾಯ್ರೆ?"

ನ್ಯಾಯವಾದ ಮಾತು. ನ್ಯಾಯವಾದ ಮಾತಿನಿಂದ ಸಿನಿಮಾ ರಂಗಕ್ಕೆ ಆಗಿರುವ ಹಾನಿ ಅಷ್ಟಿಷ್ಟಲ್ಲ.

ಮತ್ತೆ ಶುರುಮಾಡಿದೆವು. ಅಷ್ಟರಲ್ಲಿ ಮಾಷ್ಟ್ರ ಕಂಠ ಅಕ್ಕಪಕ್ಕದ ಮನೆಗಳಿಗೆ ಕೇಳಿತ್ತು. ಮಾಷ್ಟ್ರು ಹಗಲಲ್ಲೇ ಅರ್ಥ ಹೇಳುತ್ತಿದ್ದಾರಂತೆ ಎಂದು ಜನ ಒಬ್ಬೊಬ್ಬರೇ ಬಂದು ಜಗಲಿಯ ಕೆಳಗೆ ಚಾಪೆ ಹಾಸಿಕೊಂಡರು. ಎಲೆಯಡಿಕೆಯ ಕವಳದ ಸಂಚಿ ಬಿಚ್ಚಿದರು. ಸ್ವಲ್ಪ ಹೊತ್ತಿಗೆ ಊರಿನ ಭಾಗವತರೇ ತಾಳ ಹಿಡಿದುಕೊಂಡು ಬಂದರು.

"ಪದ್ಯ ಯಾರು ಹೇಳ್ತಾರೆ?" ಎಂದು ನನ್ನನ್ನು ಕೇಳಿದರು.

"ಇದು ಸಿನಿಮಾ, ಭಾಗವತರೇ. ಪದ್ಯ ಇಲ್ಲ."

"ಪದ್ಯ ಇಲ್ದೆ ಅರ್ಥ ಹ್ಯಾಗೆ ಹೇಳ್ತಾರೆ? ಬುಡ ಇಲ್ದೆ ಮರ ನಿಲ್ತದಾ?" ಎಂದವರೇ ಕೂತು, ತಾಳ ತಟ್ಟಿ, ಸ್ಥಳದಲ್ಲೇ ಕಟ್ಟಿ ಎತ್ತಿಕೊಂಡರು: "ಸಾಗರದಿಂ ಬಂದನು ವರನು, ತಲೆಗೊಂದು ಟೋಪಿಯನಿಟ್ಟು..."

ಅರ್ಥ ನಡೆಯುವಾಗ ನಡುವೆ ಬಾಯಿ ಹಾಕುವುದು ನಮ್ಮ ಕಡೆ ದೊಡ್ಡ ಅವಮಾನ. ನಾನು ನಿರ್ದೇಶಕ ಹೌದು. ಆದರೆ ಆ ಸಭೆಯಲ್ಲಿ 'ಕಟ್' ಎಂದರೆ ನನ್ನನ್ನೇ ಕಟ್ಟಿ ಹಾಕುತ್ತಿದ್ದರು. ಆಗಲಿ ಎಂದು ಧೈರ್ಯ ತಂದುಕೊಂಡೆ. ನಗಿಸುವುದು ನನ್ನ ಕಸುಬು. ಎದುರಿಗೆ ಪ್ರೇಕ್ಷಕರಿದ್ದಾರೆ. ಇನ್ನೇನು ಬೇಕು?

ಮೊದಲು ನನ್ನ ಬ್ರಹ್ಮಾಸ್ತ್ರವನ್ನೇ ತೆಗೆದೆ. ಬೆಂಚಿನಿಂದ ಎದ್ದು, ಎರಡು ಹೆಜ್ಜೆ ಇಟ್ಟು, ಜಾರಿ, ಕೈಕಾಲು ಆಕಾಶಕ್ಕೆತ್ತಿ ಧೊಪ್ಪನೆ ಬಿದ್ದೆ. ಜಗತ್ತಿನ ಯಾವ ಮೂಲೆಯಲ್ಲಾದರೂ ಇದಕ್ಕೆ ಜನ ನಗುತ್ತಾರೆ. ಆದರೆ ವರ್ಷದಲ್ಲಿ ಅರ್ಧ ಭಾಗ ಪಾಚಿಗಟ್ಟಿದ ಅಂಗಳದಲ್ಲಿ ಓಡಾಡುವ ನಮ್ಮ ಜನಕ್ಕೆ ಜಾರಿ ಬೀಳುವುದು ತಮಾಷೆಯಲ್ಲ. ಸಭೆಗೆ ಸಭೆಯೇ ಎದ್ದು ಓಡಿ ಬಂತು. "ಪೆಟ್ಟಾಯ್ತಾ?" "ಸೊಂಟ ನೋಡ್ಕಳಿ, ಸೊಂಟ!" "ಹೋದ ವರ್ಷ ನಮ್ಮ ಭಾವನೂ ಹಿಂಗೇ ಬಿದ್ದಿದ್ದು, ಇನ್ನೂ ಸರಿಯಾಗಿ ಎದ್ದಿಲ್ಲ!" ಒಬ್ಬರು ಒಳಗಿನಿಂದ ಎಣ್ಣೆ ಬಿಸಿ ಮಾಡಿ ತಂದರು. ಬೇಡ ಬೇಡ ಎಂದರೂ ಕೇಳದೆ ಸೊಂಟಕ್ಕೂ ಕಾಲಿಗೂ ಹಚ್ಚಿದರು.

ಎಣ್ಣೆಯ ಕಾಲಿನಲ್ಲೇ ಎರಡನೆಯ ಅಸ್ತ್ರ. ಕಣ್ಣು ಮೇಲೆ ಮಾಡಿ, ತುಟಿ ಒಂದು ಪಕ್ಕಕ್ಕೆ ಎಳೆದು, ಮುಖವನ್ನು ಹಿಂಡಿದೆ. ಮುಂದಿನ ಚಾಪೆಯ ಅಜ್ಜಿ ಪಕ್ಕದವರಿಗೆ, "ಪಿತ್ತ ಕೆದರಿರ್ಬೇಕು ಪಾಪ. ಮುರುಗಲ ಹಣ್ಣಿನ ಪಾನಕ ಕೊಡಿ" ಎಂದರು. ಪಾನಕ ಬಂತು. ಕುಡಿದೆ.

ಕೊನೆಗೆ ಡಾಕ್ಟರು ಮತ್ತು ರೋಗಿಯ ಒಂದು ನಗೆಹನಿ ಹೇಳಿದೆ. ಎಲ್ಲರೂ ಬಾಯಿಯ ಕವಳ ಒಂದು ಕಡೆ ಮಾಡಿಕೊಂಡು ಗಮನವಿಟ್ಟು ಕೇಳಿದರು. ಮುಗಿದ ಮೇಲೂ ಕಾಯುತ್ತಾ ಕೂತರು. ಹಿಂದಿನಿಂದ ಒಬ್ಬರು ಕಳಕಳಿಯಿಂದ ಕೇಳಿದರು, "ಆಮೇಲೆ ಎಂತಾಯ್ತು? ಆ ಪೇಶೆಂಟು ಹುಷಾರಾದ್ನಾ?"

ಮಾಷ್ಟ್ರು ಶಾಲನ್ನು ಇನ್ನೊಂದು ಹೆಗಲಿಗೆ ಬದಲಾಯಿಸಿದರು. ನನ್ನ ಮೇಲೆ ಅವರಿಗೆ ನಿಜವಾಗಿಯೂ ಕರುಣೆ ಬಂದಿತ್ತು ಎಂದು ಕಾಣುತ್ತದೆ. ಅದೇ ಹೆಚ್ಚು ಅಪಾಯದ್ದು.

"ಯುವಕನೇ, ದುಃಖಿಸಬೇಡ. ನಮ್ಮನ್ನು ನಗಿಸಲು ನಿನ್ನಿಂದಾಗಲಿಲ್ಲ. ಪರವಾಗಿಲ್ಲ. ನಿನ್ನ ಜೊತೆ ಬಾಳುವವರು ನಾವಲ್ಲವಲ್ಲ? ಬಾಳುವವಳು ಬಾಗಿಲ ಹಿಂದೆ ಇದ್ದಾಳೆ. ಅವಳನ್ನೇ ಕೇಳೋಣ. ಮಗಳೇ, ನಿಜ ಹೇಳು. ಈತ ನಿನ್ನನ್ನು ಎಂದಾದರೂ ನಗಿಸಿದ್ದುಂಟೆ? ಉಂಟು ಎಂದಾದರೆ ಕಾಫಿಯನ್ನು ಹೊರಗೆ ತಾ. ಈ ಕ್ಷಣವೇ ಸೋಲುತ್ತೇನೆ."

ನನಗೆ ಹೋದ ಜೀವ ಬಂತು. ಎಷ್ಟಾದರೂ ಧರ್ಮಪತ್ನಿ! ಅವಳ ಕೈಯಲ್ಲಿ ನನ್ನ ಚಿತ್ರವಿದೆ, ನನ್ನ ಬೋರ್ಡು ಇದೆ, ಕಾಫಿಯೂ ಇದೆ.

ಬಾಗಿಲ ಸಂದಿಯಿಂದ ಬಳೆಯ ಕೈ ನಿಧಾನವಾಗಿ ಹೊರಬಂತು. ಲೋಟ ಕಂಡಿತು. ಭಾಗವತರು ತಾಳ ಎತ್ತಿ ಹಿಡಿದರು. ನಾನು ಲೋಟ ತೆಗೆದುಕೊಳ್ಳಲು ಕೈ ಚಾಚಿದೆ.

ಕೈ ಅಲ್ಲೇ ನಿಂತಿತು. ಸ್ವಲ್ಪ ಯೋಚನೆ ಮಾಡಿದಂತೆ ಕಂಡಿತು. ಆಮೇಲೆ ಲೋಟದ ಸಮೇತ ಮೆಲ್ಲಗೆ ಒಳಗೆ ಹೋಯಿತು.

ಒಳಗಿನಿಂದ ಧ್ವನಿ ಬಂತು: "ಮದುವೆ ದಿನ ಒಂದ್ಸಲ ನಕ್ಕಿದ್ದೆ, ಮಾಷ್ಟ್ರೇ. ಅದೂ ಫೋಟೋದವ್ರು 'ಸ್ವಲ್ಪ ನಗೀಮ್ಮಾ' ಅಂದಿದ್ದಕ್ಕೆ."

ಜಗಲಿ ಸ್ಫೋಟಗೊಂಡಿತು! ಅಜ್ಜಿ ಸೆರಗಿನಿಂದ ಕಣ್ಣು ಒರೆಸಿಕೊಂಡರು. ಭಾಗವತರ ಕೈಯಿಂದ ತಾಳ ಜಾರಿ ಉರುಳಿತು. ಎಣ್ಣೆ ಹಚ್ಚಿದವರು ಕಂಬಕ್ಕೆ ಒರಗಿ ನಕ್ಕರು. ಅರ್ಥಪೀಠದಲ್ಲಿ ಎಂದೂ ನಗದ ಗಿರಿಯಪ್ಪ ಮಾಷ್ಟ್ರು ಶಾಲಿನಿಂದ ಬಾಯಿ ಮುಚ್ಚಿಕೊಂಡು ಅಲುಗಾಡಿದರು. ನಾನೊಬ್ಬನೇ ನಗಲಿಲ್ಲ. ನಾನು ಪಾತ್ರದಲ್ಲಿದ್ದೆ.

ಭಾಗವತರು ಮಂಗಳ ಹಾಡಿಬಿಟ್ಟರು. ಮಂಗಳ ಹಾಡಿದ ಮೇಲೆ ಮತ್ತೆ ಕೂರುವ ಪದ್ಧತಿಯಿಲ್ಲ. ಎಲ್ಲರೂ ಊಟಕ್ಕೆ ಎದ್ದರು.

ಬರುವಾಗ ಬಸ್ಸಿನಲ್ಲಿ ವಿಶಾಲಾಳಿಗೆ ನೆನಪಿಸಿದೆ. "ಜನ ನಕ್ಕರಲ್ಲ? ಪಂಥ ನಾನು ಗೆದ್ದೆ."

"ಸಿನಿಮಾ ನೋಡಿ ನಗ್ಬೇಕು ಅಂದಿದ್ದು ನಾನು, ಶೂಟಿಂಗ್ ನೋಡಿ ಅಲ್ಲ. ಅದೂ ಅವ್ರು ನಕ್ಕಿದ್ದು ಯಾರ ಮಾತಿಗೆ?"

"ಹಾಗಾದ್ರೆ ಕಾಫಿ ಒಳಗ್ಯಾಕೆ ತಗೊಂಡ್ಹೋದೆ?"

"ಮಾಷ್ಟ್ರು 'ನಿಜ ಹೇಳು' ಅಂದ್ರಲ್ರೀ" ಎಂದಳು ಕಿಟಕಿಯ ಹೊರಗೆ ನೋಡುತ್ತಾ.

ಸಾಮಾನ್ಯ ನಿರ್ದೇಶಕನಾಗಿದ್ದರೆ ಇಲ್ಲಿ ಕುಸಿಯುತ್ತಿದ್ದ. ನಾನು ಕಂಪ್ಯೂಟರಿನ ಮುಂದೆ ಕೂತೆ. ಚಿತ್ರ ಹುಟ್ಟುವುದು ಜಗಲಿಯಲ್ಲಲ್ಲ, ಕತ್ತರಿಸುವ ಮೇಜಿನ ಮೇಲೆ! ಪ್ರೇಕ್ಷಕರು, ಭಾಗವತರು, ಎಣ್ಣೆ, ಪಾನಕ, ಎಲ್ಲವನ್ನೂ ನಿರ್ದಾಕ್ಷಿಣ್ಯವಾಗಿ ಕತ್ತರಿಸಿದೆ. ಮಾವ ಒಪ್ಪುವ ಒಂದೇ ಒಂದು ಮಾತು ಬೇಕಿತ್ತು. ಹುಡುಕುತ್ತಾ ಹೋದರೆ, ಆಹಾ, ಸಿಕ್ಕಿತು! ಊಟದ ಹೊತ್ತಿಗೆ ರಫೀಕನ ಕ್ಯಾಮೆರಾ ತನ್ನ ಸ್ವಭಾವದಂತೆ ಅಡುಗೆಮನೆಯ ಕಡೆ ತಿರುಗಿತ್ತು. ಮಾಷ್ಟ್ರ ಮನೆಯವರು "ಹುಳಿ ಬಡಿಸ್ಲಾ?" ಎಂದು ಕೇಳುತ್ತಾರೆ. ಮಾಷ್ಟ್ರು ತಲೆಯೆತ್ತಿ ಮುಗುಳ್ನಕ್ಕು, "ಆಯ್ತು, ಆಯ್ತು. ಸಂತೋಷ" ಎನ್ನುತ್ತಾರೆ. ಇದಕ್ಕಿಂತ ಮನಸ್ಸಿಟ್ಟು ಯಾವ ಮಾವನೂ ಹೆಣ್ಣು ಕೊಟ್ಟಿರಲಾರ! ಮನೆಯವರ ಧ್ವನಿ ತೆಗೆದೆ. ಮಾಷ್ಟ್ರನ್ನು ನನ್ನ ಮಾತಿನ ಕೊನೆಗೆ ಅಂಟಿಸಿದೆ.

ಇನ್ನು ಕಾಫಿ. ಕೈ ಹೊರಬರುವಾಗ ಭಾಗವತರ ತಾಳ ಚಿತ್ರಕ್ಕೆ ಅಡ್ಡ ಬಂದಿತ್ತು. ಒಳಗೆ ಹೋದ ಕೈಯನ್ನು ಹಿಂದುಮುಂದಾಗಿ ಓಡಿಸಿದರೆ ಕೈ ಹೊರಗೆ ಬರುತ್ತದೆ! ಲೋಟದ ಸುತ್ತ ಇದ್ದ ಒಂದು ನೊಣವೂ ಹಿಮ್ಮುಖವಾಗಿ ಹಾರುತ್ತಿತ್ತು. ಅದನ್ನು ಯಾರು ನೋಡುತ್ತಾರೆ?

"ಚಂದ್ರಣ್ಣ, ಪೂರ್ತಿದೇ ಚೆನಾಗಿತ್ತು" ಎಂದ ರಫೀಕ್.

"ನಿಂಗೆ ಸಿನಿಮಾ ಗೊತ್ತಾಗಲ್ಲ ರಫೀಕ್" ಎಂದೆ.

ಸಾಗರದಲ್ಲಿ ಒಂದು ಸಭಾಭವನ ಹಿಡಿದು ಪ್ರದರ್ಶನ ಇಟ್ಟೆ. 'ಒಪ್ಪಿದ ಮಾವ' ಎಂದು ದೊಡ್ಡ ಬ್ಯಾನರು ಕಟ್ಟಿಸಿದೆ. ಗೌರವದಿಂದ ಮಾಷ್ಟ್ರನ್ನು ಕರೆದಿದ್ದೆ. ಅವರು ನಿಟ್ಟೂರಿನಿಂದ ಒಂದು ವ್ಯಾನಿನ ತುಂಬ ಜನರನ್ನು ಕರೆದುಕೊಂಡು ಬಂದು ಮುಂದಿನ ಸಾಲಿನಲ್ಲಿ ಕೂತರು. ವಿಶಾಲಾ ಹಿಂದಿನ ಸಾಲಿನಲ್ಲಿ, ನಗುವವರನ್ನು ಎಣಿಸಲು ಅನುಕೂಲವಾಗುವ ಜಾಗದಲ್ಲಿ.

ಚಿತ್ರ ಶುರುವಾಯಿತು. ಜನ ಗಂಭೀರವಾಗಿ ನೋಡಿದರು. ನನ್ನ ಮಾತು ಬಂತು. "...ನಗುವಿಗಿಂತ ದೊಡ್ಡ ಆಸ್ತಿ ಯಾವುದಿದೆ?" ತೆರೆಯ ಮೇಲೆ ಮಾಷ್ಟ್ರು ತಲೆಯೆತ್ತಿ, "ಆಯ್ತು, ಆಯ್ತು. ಸಂತೋಷ" ಎಂದರು.

"ತಡೀರಿ!"

ಇದು ತೆರೆಯ ಮೇಲಿನ ಮಾಷ್ಟ್ರಲ್ಲ. ಮುಂದಿನ ಸಾಲಿನ ಮಾಷ್ಟ್ರು. ಎದ್ದು ನಿಂತಿದ್ದರು. ಶಾಲು ಹೆಗಲೇರಿತ್ತು.

"ಇದು ಹೆಣ್ಣು ಕೊಡ್ತೀನಿ ಅಂತ ಹೇಳಿದ ಆಯ್ತು ಅಲ್ಲ. ಹುಳಿ ಬಡ್ಸಕ್ಕೆ ಹೇಳಿದ್ದು!"

"ಹೌದು ಹೌದು" ಎಂದು ನಿಟ್ಟೂರಿನ ಸಾಲು ಸಾಕ್ಷಿ ಹೇಳಿತು. "ಅವತ್ತು ಸೌತೆಕಾಯಿ ಹುಳಿ. ನಾವೂ ಉಂಡಿದೀವಿ."

"ಬಾಳೆ ಎಲೆ ತುದಿ ಕಾಣ್ತಿದೆ ನೋಡಿ ಕೆಳಗೆ!" ಎಂದರು ಸಾಗರದವರು.

ಅಷ್ಟರಲ್ಲಿ ತೆರೆಯ ಮೇಲೆ ಕೈ ಹೊರಬಂತು. ಹಿಂದಿನ ಸಾಲಿನಿಂದ ಗಟ್ಟಿಯಾಗಿ ಕೇಳಿಸಿತು: "ಸುಳ್ಳು! ನನ್ನ ಕೈ ಒಳಗೆ ಹೋಗಿತ್ತು!"

"ನೊಣ ಹಿಂದಕ್ಕೆ ಹಾರ್ತಿದೆ" ಎಂದು ಮತ್ತೊಬ್ಬರು.

ನಾನು ವೇದಿಕೆ ಹತ್ತಿ ಕೈಮುಗಿದೆ. ಸಿನಿಮಾ ಎಂಬ ಮಾಧ್ಯಮದ ಮಿತಿಗಳು, ಸಂಕಲನಕಾರನ ಹಕ್ಕುಗಳು ಎಂದೇನೋ ಶುರುಮಾಡಿದೆ. ಮಾಷ್ಟ್ರು ಬಿಡಲಿಲ್ಲ. "ನೇರ ವಾದದಲ್ಲಿ ಗೆಲ್ಲಲಾರದೆ, ಎದುರಾಳಿ ಉಣ್ಣುವ ಹೊತ್ತು ನೋಡಿ ಬಾಣ ಬಿಟ್ಟೆಯಾ ಯುವಕನೇ? ಹಸಿದವನ 'ಆಯ್ತು'ವಿನ ಮೇಲೆ ಕಟ್ಟಿದ ಮದುವೆ ಎಷ್ಟು ದಿನ ನಿಂತೀತು?" ಎಂದು ಅಲ್ಲಿಂದಲೇ ಎತ್ತಿಕೊಂಡರು. ಸಭೆ ಚಪ್ಪಾಳೆ ತಟ್ಟಿತು. ನಿಟ್ಟೂರಿನ ಜಗಲಿಯಲ್ಲಿ ಒಮ್ಮೆ ಸೋತದ್ದು ಸಾಲದೆ, ಸಾಗರದ ಸಭಾಭವನದಲ್ಲಿ, ನಾನೇ ಹಿಡಿದ ಸಭಾಭವನದಲ್ಲಿ, ಇನ್ನೊಮ್ಮೆ ಸೋತೆ.

"ಹಾಗಾದ್ರೆ ಅವತ್ತು ನಿಜವಾಗಿ ನಡೆದದ್ದು ಎಂತ?" ಎಂದು ಸಾಗರದವರು ಕೇಳಿದರು.

ರಫೀಕ್ ಮೂಲೆಯಿಂದ ಕೈ ಎತ್ತಿದ. "ಪೂರ್ತಿದು ನನ್ನ ಹತ್ರ ಇದೆ. ಹಾಕ್ಲಾ ಚಂದ್ರಣ್ಣ?"

ಚಂದ್ರಣ್ಣನ ಉತ್ತರಕ್ಕೆ ಯಾರೂ ಕಾಯಲಿಲ್ಲ.

ಹಾಕಿದ. ನಾನು ವೇದಿಕೆಯಿಂದ ಇಳಿದು ಕೂತೆ. ಬಾಣ ಬಿಡದೆ ಸಾಯಕ್ಕಾಗ್ತದಾ ಎಂಬ ಮಾತಿಗೆ ಜನ ನಕ್ಕರು. ಭಾಗವತರ ಟೋಪಿಯ ಪದ್ಯಕ್ಕೆ ಕುರ್ಚಿಗಳು ಕಿರುಗುಟ್ಟಿದವು. ಎಣ್ಣೆಗೆ ನಕ್ಕರು, ಪಾನಕಕ್ಕೆ ನಕ್ಕರು, ಪೇಶೆಂಟಿನ ಆರೋಗ್ಯ ವಿಚಾರಿಸಿದವರಿಗೆ ಶಿಳ್ಳೆ ಹಾಕಿದರು. ಕೈ ಹೊರಗೆ ಬಂದು, ಯೋಚಿಸಿ, ಒಳಗೆ ಹೋದಾಗ ಇಡೀ ಭವನ ಎದ್ದು ನಿಂತಿತು. ನಾನು ಜಾರಿ ಬಿದ್ದಾಗ ಮಾತ್ರ ಯಾರೂ ನಗಲಿಲ್ಲ. ಪಕ್ಕದ ಕುರ್ಚಿಯ ಅಪರಿಚಿತರೊಬ್ಬರು ನನ್ನ ಕಡೆ ಬಾಗಿ, "ಈಗ ಹ್ಯಾಗಿದೆ ಸೊಂಟ?" ಎಂದು ಕೇಳಿದರು.

ಮುಗಿದ ಮೇಲೆ ಜನ ಸಾಲುಗಟ್ಟಿ ಮಾಷ್ಟ್ರ ಹತ್ತಿರ ಹೋಗಿ "ಅಡ್ಡಿಲ್ಲ" ಎಂದರು. ವಿಶಾಲಾಳ ಹತ್ತಿರ ಹೋಗಿ "ಅಡ್ಡಿಲ್ಲ" ಎಂದರು. ಒಬ್ಬರು ರಫೀಕನಿಗೂ ಹೇಳಿದರು. ನನ್ನ ಹತ್ತಿರ ಬಂದರು. ನಾನು ವಿನಯದಿಂದ ತಲೆ ಬಾಗಿಸಿದೆ.

"ಊಟ ಆಯ್ತಾ?" ಎಂದರು.

ಹೊಸನಗರದಿಂದ ಕರೆ ಬಂತು, ತೀರ್ಥಹಳ್ಳಿಯಿಂದ ಬಂತು. ಪ್ರದರ್ಶನ ಬೇಕಂತೆ, ಕಲಾವಿದರೂ ಬರಬೇಕಂತೆ. "ಮಾವ ಬಂದ್ರೆ ಸಾಕು, ಆಮೇಲೆ ಆ ಕೈ" ಎಂದರು ತೀರ್ಥಹಳ್ಳಿಯವರು. "ಡೈರೆಕ್ಟ್ರಿಗೆ ಸುಮ್ನೆ ಯಾಕೆ ತೊಂದ್ರೆ."

ವಿಶಾಲಾ ಮಾತಿಗೆ ತಪ್ಪುವವಳಲ್ಲ. ಜನ ನಕ್ಕಿದ್ದಾರೆ, ಬೋರ್ಡು ಉಳಿದಿದೆ. ದಿನಾ ಬೆಳಿಗ್ಗೆ ಅವಳೇ ಒರೆಸುತ್ತಾಳೆ. ಹಲ್ಲುಕಿರಿ ಪಿಕ್ಚರ್ಸಿನ ಹೊಸ ಚಿತ್ರದ ಕೆಲಸವೂ ಶುರುವಾಗಿದೆ. ಮುಖ್ಯ ಪಾತ್ರ ಗಿರಿಯಪ್ಪ ಮಾಷ್ಟ್ರದು, ಅವರ ಎದುರು ಅರ್ಥ ವಿಶಾಲಾಳದು. ಈ ಸಲ ಅವಳು ಪೂರ್ತಿಯಾಗಿ ಕಾಣುತ್ತಾಳೆ. ಅದರಲ್ಲೂ ಕಾಫಿಯ ದೃಶ್ಯವೊಂದಿದೆ.

ಬಾಗಿಲ ಸಂದಿಯಿಂದ ಲೋಟ ಹಿಡಿಯುವ ಕೈ ನನ್ನದು.